ಪೆನಾಂಗ್ ಕಾಣದವಳು

ಆ ಮನುಷ್ಯ ಸುಳ್ಳು ಹೇಳುತ್ತಿದ್ದಾನೆಂದು ಮರ್ಧಿಯಾಗೆ ಮೂರನೇ ಮಾತಿಗೇ ಗೊತ್ತಾಯಿತು.

ಅವಳು ಎಲೆಕಡುಬಿನ ತಟ್ಟೆ ಹಿಡಿದು ಕಾಫಿ ಅಂಗಡಿಯ ಹಿಂಬಾಗಿಲಲ್ಲಿ ನಿಂತಿದ್ದಳು. ಒಳಗೆ ಬೆಂಚಿನ ಮೇಲೆ ಎಂಟು ಹತ್ತು ಗಂಡಸರ ನಡುವೆ ಕಾಲ ಮೇಲೆ ಕಾಲು ಹಾಕಿಕೊಂಡು ಕೂತವನು ಮುನಾವರ್, ಅಬು ಹಮ್ಜಾನ ಒಬ್ಬನೇ ಮಗ. ಬೆಟ್ಟದಿಂದ ಇಳಿದು ಬಂದು ಇನ್ನೂ ತಿಂಗಳಾಗಿಲ್ಲ. ಊರಿಗೆಲ್ಲ ಈಗ ಅವನೇ ಹೀರೋ.

"ಕತ್ತಲಾಯ್ತು ಅಂದ್ರೆ ದೊಡ್ಡ ಬೆಂಕಿ ಹಾಕ್ತಿದ್ವಿ," ಎನ್ನುತ್ತಿದ್ದ. "ಸುತ್ತ ಕೂತ್ಕೊಂಡು ಹೊಳೆ ಮೀನು ಸುಡೋದು, ಹಾಡು ಹೇಳೋದು..."

ಬೆಂಕಿಯಂತೆ, ಹಾಡಂತೆ! ಮರ್ಧಿಯಾ ತುಟಿ ಕಚ್ಚಿಕೊಂಡಳು. ಬೆಟ್ಟದಲ್ಲಿ ಒಲೆ ಹಚ್ಚುವುದು ಬೆಳಗಿನ ಮಂಜು ಹೊಗೆಯನ್ನು ಮುಚ್ಚುವಷ್ಟು ಹೊತ್ತು ಮಾತ್ರ. ಆಮೇಲೆ ದಿನವಿಡೀ ತಣ್ಣನೆ ಅನ್ನ. ಕೆಮ್ಮು ಬಂದರೆ ಬಾಯಿಗೆ ಬಟ್ಟೆ ತುರುಕಿಕೊಳ್ಳಬೇಕು. ಐದು ವರ್ಷ ಹಾಗೆ ಬದುಕಿದವಳಿಗೆ ಇದು ಗೊತ್ತಿರದೆ ಇನ್ಯಾರಿಗೆ ಗೊತ್ತು? ಆದರೆ ಬಾಯಿ ಬಿಡುವ ಹಾಗಿಲ್ಲ. ಯಾಕೆಂದರೆ ಊರಿನ ಲೆಕ್ಕದಲ್ಲಿ ಮರ್ಧಿಯಾ ಆ ಐದು ವರ್ಷ ಪೆನಾಂಗಿನಲ್ಲಿದ್ದಳು.

ಅದು ಅವಳ ತಾಯಿ ರಮ್ಲಾಳ ಕೈಚಳಕ. ಅಣ್ಣನನ್ನು ಜಕಾರ್ತದ ಸೈನಿಕರು ಎಳೆದೊಯ್ದು, ಅವನ ಹೆಣ ಗದ್ದೆಯ ಬದುವಿನಲ್ಲಿ ಸಿಕ್ಕ ಹತ್ತನೇ ದಿನಕ್ಕೆ ಮಗಳು ಬೆಟ್ಟ ಹತ್ತಿದಳು, ಬಂಡುಕೋರರ ಹೆಂಗಸರ ತುಕಡಿ ಸೇರಿದಳು. ಅದೇ ಸಂಜೆ ರಮ್ಲಾ ನೀರಿಗೆ ಬಂದವರ ಮುಂದೆಲ್ಲ ಮೂಗು ಒರೆಸಿಕೊಂಡು ಹೇಳಿದಳು: ಮಗಳು ದೋಣಿ ಹತ್ತಿ ಮಲೇಷ್ಯಾಕ್ಕೆ ಹೋದಳು, ಪೆನಾಂಗಿನಲ್ಲಿ ಚೀನೀ ಸಾಹುಕಾರರ ಮನೆಗೆಲಸ ಸಿಕ್ಕಿದೆ. ಆ ಕಾಲದಲ್ಲಿ ನಮ್ಮ ಅಚೆ ನಾಡಿನ ಅರ್ಧ ಜನ ದೋಣಿ ಹತ್ತಿದವರೇ. ಯಾರೂ ಅನುಮಾನಪಡಲಿಲ್ಲ. ಆ ಸುಳ್ಳಿನಿಂದಲೇ ಮನೆ ಸೈನಿಕರ ಬೆಂಕಿಗೆ ಸಿಕ್ಕದೆ ಉಳಿಯಿತು.

ಈಗ ಶಾಂತಿ ಒಪ್ಪಂದವಾಗಿದೆ. ಯಾವುದೋ ಚಳಿ ದೇಶದಲ್ಲಿ ಕೂತು ದೊಡ್ಡವರು ಸಹಿ ಹಾಕಿದ್ದಾರೆ. ಮೈದಾನದಲ್ಲಿ ಬಂಡುಕೋರರು ಒಪ್ಪಿಸಿದ ಕೋವಿಗಳನ್ನು ಕತ್ತರಿಸುವಾಗ ಮರ್ಧಿಯಾಳ ಕೋವಿಯನ್ನೂ ಯಾವನೋ ಗಂಡಸು ತನ್ನದೆಂದು ಕೊಟ್ಟ, ಫೋಟೋದಲ್ಲೂ ಅವನೇ ಬಂದ. ಅವಳು ಬಸ್ಸು ಹತ್ತಿ ಊರಿಗೆ ಬಂದಳು. ಬಾಗಿಲಲ್ಲೇ ತಾಯಿ ಕೈ ಹಿಡಿದುಕೊಂಡಳು. "ಐದು ವರ್ಷ ಕಾಡಲ್ಲಿ ಗಂಡಸರ ಜೊತೆ ಇದ್ದವಳು ಅಂದ್ರೆ ಯಾವನು ಕಟ್ಕೋತಾನೆ? ನೀನು ಪೆನಾಂಗಿಂದಾನೇ ಬಂದಿದ್ದು. ತಿಳೀತಾ?" ಮರ್ಧಿಯಾಗೆ ವಾದಿಸುವಷ್ಟು ತ್ರಾಣವಿರಲಿಲ್ಲ. ಹೂಂ ಅಂದಳು.

ಕಡುಬಿನ ತಟ್ಟೆ ಇಡುವಾಗ ಮುನಾವರ್ ತಲೆಯೆತ್ತಿ ನೋಡಿದ.

"ನೀವೂ ಹೊರಗಡೆ ಇದ್ರಂತಲ್ಲ? ಪೆನಾಂಗಿನಲ್ಲಿ?"

"ಹೌದು."

"ಎಲ್ಲಿ?"

"ಪೇಟೆಗೆ ಸ್ವಲ್ಪ ದೂರ. ದಿನಾ ರೈಲಲ್ಲಿ ಪೇಟೆಗೆ ಹೋಗಿ ತರಕಾರಿ ತರ್ತಿದ್ದೆ," ಎಂದಳು ಮರ್ಧಿಯಾ, ತುಂಬ ನೋಡಿದವಳ ಹಾಗೆ.

ಅವನ ಕಾಫಿ ಲೋಟ ತುಟಿಯ ಹತ್ತಿರ ಹೋದದ್ದು ಅಲ್ಲೇ ನಿಂತಿತು. ಮೀಸೆಯ ಒಂದು ತುದಿ ಕುಣಿಯಿತು. ಅವನು ಅವಳನ್ನೇ ನೋಡಿದ. ಆ ನೋಟದಲ್ಲಿ ತುಂಟತನವಿತ್ತು. ಮರ್ಧಿಯಾಗೆ ಯಾಕೋ ಕಿವಿ ಬಿಸಿಯಾಯಿತು.

ಎರಡು ದಿನ ಬಿಟ್ಟು ಕಾಲುವೆಯ ಏರಿಯ ಮೇಲೆ ಅವನು ಸೈಕಲ್ ತಳ್ಳಿಕೊಂಡು ಅವಳ ಹಿಂದೆಯೇ ಬಂದ.

"ಒಂದು ಡೌಟು," ಎಂದ. "ಪೆನಾಂಗ್ ಸಮುದ್ರದ ನಡುವೆ ಇರೋ ದ್ವೀಪ. ಅಲ್ಲಿ ತರಕಾರಿ ತರೋಕೆ ಹೋಗೋ ರೈಲು ಯಾವ ಕಡೆ ಓಡುತ್ತೆ?"

ಮರ್ಧಿಯಾ ನಿಂತಳು. ತಿರುಗದೆಯೇ ಕೇಳಿದಳು. "ನನಗೂ ಒಂದು ಡೌಟು. ಬೆಟ್ಟದಲ್ಲಿ ಕತ್ತಲಾದ ಮೇಲೆ ದೊಡ್ಡ ಬೆಂಕಿ ಹಾಕಿದವರಲ್ಲಿ ಬೆಳಿಗ್ಗೆ ಎಷ್ಟು ಜನ ಎದ್ರು?"

ಸೈಕಲ್ಲಿನ ಚಕ್ರದ ಸದ್ದು ನಿಂತುಹೋಯಿತು. ಅವಳು ತಿರುಗಿ ನೋಡಿದಾಗ ಅವನ ಮುಖದಲ್ಲಿ ತುಂಟತನವೆಲ್ಲ ಇಳಿದು ಹೋಗಿತ್ತು.

"ನಿಮಗೆ ಹೇಗೆ..." ಎಂದು ಶುರುಮಾಡಿದವನು ಅವಳ ಕಾಲು ನೋಡಿದ. ಹಿಮ್ಮಡಿಯ ಮೇಲೆ, ಕಣಕಾಲಿನ ಸುತ್ತ, ಜಿಗಣೆ ಕಚ್ಚಿದ ಕಪ್ಪು ಕಲೆಗಳು ಲೆಕ್ಕವಿಲ್ಲದಷ್ಟು. ಅವಳು ಅವನ ಕೈ ನೋಡಿದಳು. ಬೆರಳ ಸಂದಿಯ ಚರ್ಮವನ್ನು ಸಿಮೆಂಟು ತಿಂದುಹಾಕಿತ್ತು.

"ಐದು ವರ್ಷ," ಎಂದಳು ಮರ್ಧಿಯಾ. "ಪೂರ್ವದ ಬೆಟ್ಟದಲ್ಲಿ."

"ಆರು ವರ್ಷ," ಎಂದ ಮುನಾವರ್. "ಪೆನಾಂಗಿನಲ್ಲಿ. ಇಪ್ಪತ್ತು ಮಹಡಿಗೆ ಸಿಮೆಂಟು ಹೊತ್ತೆ."

ಮರ್ಧಿಯಾಗೆ ನಗು ಬಂತು. ತಡೆಯಲು ನೋಡಿದಳು, ಆಗಲಿಲ್ಲ, ತಲೆವಸ್ತ್ರದ ಸೆರಗನ್ನು ಬಾಯಿಗೆ ಒತ್ತಿಕೊಂಡು ಏರಿಯ ಮೇಲೇ ಕೂತುಬಿಟ್ಟಳು. ಅವನೂ ಸೈಕಲ್ಲನ್ನು ಹುಲ್ಲಿಗೆ ಒರಗಿಸಿ ಹೊಟ್ಟೆ ಹಿಡಿದುಕೊಂಡು ನಕ್ಕ. ಹಾಗೆ ನಕ್ಕು ಎಷ್ಟು ವರ್ಷವಾಗಿತ್ತೋ, ಅವಳಿಗೆ ಪಕ್ಕೆ ನೋಯಿತು.

ನಕ್ಕು ಮುಗಿದ ಮೇಲೆ ಅವನು ತನ್ನದನ್ನು ಹೇಳಿದ. ಅವನು ಹೆದರಿ ಓಡಿಹೋದವನು, ಅದರಲ್ಲಿ ಮುಚ್ಚುಮರೆಯಿಲ್ಲ. ಅಪ್ಪನಿಗೂ ಹೇಳದೆ ದೋಣಿ ಹತ್ತಿದ್ದ. ಸೈನಿಕರು ಮನೆಗೆ ಬಂದು ಮಗ ಎಲ್ಲಿ ಅಂದಾಗ ಅಬು ಹಮ್ಜಾ ನಿಜವಾಗಿಯೂ ಗೊತ್ತಿಲ್ಲ ಅಂದ. ಹಾಗಾದರೆ ಬೆಟ್ಟದಲ್ಲೇ ಇದ್ದಾನೆ ಎಂದು ಅವರೇ ತೀರ್ಮಾನಿಸಿ, ಕೋವಿಯ ಹಿಡಿಯಿಂದ ಮುದುಕನ ಮೊಣಕಾಲು ಪುಡಿಮಾಡಿ ಹೋದರು. ಅವತ್ತಿನಿಂದ ಅವನು ವೀರನ ಅಪ್ಪ.

"ಶಾಂತಿ ಆಯ್ತು ಅಂತ ನಾನು ಬಸ್ಸಿಳಿದೆ ನೋಡಿ, ಅಪ್ಪ ಆ ಕಾಲು ಎಳ್ಕೊಂಡು ಓಡಿ ಬಂದ್ರು. ನನ್ನ ಹುಲಿ ಬಂತು ಅಂದ್ರು. ಊರವರೆಲ್ಲ ಎತ್ಕೊಂಡ್ರು. ಅವಾಗ ಏನಂತ ಹೇಳ್ಲಿ? ಅಪ್ಪಾ, ನಿನ್ನ ಕಾಲು ಮುರಿಯೋ ಹೊತ್ತಿಗೆ ನಾನು ಪೆನಾಂಗಿನಲ್ಲಿ ನೂಡಲ್ಸ್ ತಿಂತಿದ್ದೆ ಅಂತ ಹೇಳ್ಲಾ?"

"ಬೆಟ್ಟಕ್ಕೆ ಹೋಗಿದ್ದ ಬೇರೆಯವರು ಏನೂ ಕೇಳ್ಲಿಲ್ವಾ?"

"ಮೂರು ಜನ ಇದ್ದಾರಲ್ಲ. ನಾನು ಬೇರೆ ತುಕಡಿ ಅಂದೆ. ಅಷ್ಟಕ್ಕೆ ಮುಗೀತು."

ಮುಗಿಯದೆ ಏನು? ಶಾಂತಿಯಾದ ಮೇಲೆ ಬೆಟ್ಟ ಇಳಿದವರ ಸಂಖ್ಯೆ ಬೆಟ್ಟ ಹತ್ತಿದವರಿಗಿಂತ ಜಾಸ್ತಿಯಾಗಿತ್ತು ನಮ್ಮಲ್ಲಿ.

ಅವತ್ತಿನಿಂದ ಪಾಠ ಶುರುವಾಯಿತು. ಅವಳು ಅವನಿಗೆ ಬೆಟ್ಟ ಕಲಿಸಬೇಕು, ಅವನು ಅವಳಿಗೆ ಪೆನಾಂಗ್ ಕಲಿಸಬೇಕು. ಇಬ್ಬರೂ ಸಿಕ್ಕಿಬೀಳದಿರಲು ಇದಕ್ಕಿಂತ ಒಳ್ಳೆಯ ಉಪಾಯವಿರಲಿಲ್ಲ. ಜಾಗ ಕಾಲುವೆಯ ಏರಿ, ಹೊತ್ತು ಕಡುಬು ಕೊಟ್ಟು ಬರುವ ಹೊತ್ತು. ದಾರಿಯಲ್ಲಿ ಹೋಗುವವರಿಗೆಲ್ಲ ಕಾಣುವ ಹಾಗೆ, ನಡುವೆ ಸೈಕಲ್ ಇಟ್ಟುಕೊಂಡು.

"ದೋಣಿಯಲ್ಲಿ ದಾಟೋದು, ಅದಕ್ಕೆ ಫೆರ್‍ರಿ ಅಂತಾರೆ. ರೈಲು ಬಿಡಬೇಡಿ ಇನ್ನು."

"ನೀವು ಮೀನು ಸುಡಬೇಡಿ ಇನ್ನು. ಉಪ್ಪು ಮುಗಿದು ಹೋಗಿತ್ತು ಅನ್ನಿ. ಬೆಟ್ಟಕ್ಕೆ ಹೋದವರು ಯಾರೇ ಆಗ್ಲಿ ಮೊದಲು ಉಪ್ಪಿನ ಮಾತು ಆಡ್ತಾರೆ."

"ನೀವು ಯಾವ ಮನೇಲಿದ್ರಿ?"

"ಚೀನೀ ಸಾಹುಕಾರರ ಮನೇಲಿ. ಯಜಮಾನಿ ಬಹಳ ಬೈತಿದ್ಲು."

"ಏನಂತ?"

ಮರ್ಧಿಯಾ ಯೋಚಿಸಿದಳು. "ನಿಂತ್ಕೊಂಡೇ ನಿದ್ದೆ ಮಾಡ್ತಾಳೆ ಅಂತ."

"ಅದು ನಿಜಾನಾ?"

"ಅದೊಂದು ನಿಜ."

ಅವನು ನಗಲಿಲ್ಲ. ಕಡುಬಿನ ಎಲೆ ಬಿಚ್ಚಿ ಅರ್ಧ ಮುರಿದು ಅವಳ ಕಡೆ ಚಾಚಿದ. ತಾನೇ ಮಾಡಿದ ಕಡುಬನ್ನು ಬೇರೆಯವರ ಕೈಯಿಂದ ತಿಂದರೆ ರುಚಿಯೇ ಬೇರೆ ಎಂದು ಅವಳಿಗೆ ಅವತ್ತು ಗೊತ್ತಾಯಿತು.

ದಿನ ಕಳೆದಂತೆ ಪಾಠದಲ್ಲಿ ಇಲ್ಲದ್ದೂ ಬಂತು. ಪೊಲೀಸರು ರೇಡ್ ಮಾಡಿದಾಗ ರಬ್ಬರ್ ತೋಟದಲ್ಲಿ ಹೊಟ್ಟೆ ಮೇಲೆ ಮಲಗಿ ಬೆಳಗು ಮಾಡಿದ್ದನ್ನು ಅವನು ಹೇಳಿದ. ಸಲ್ಬಿಯಾಳ ಬಗ್ಗೆ ಅವಳು ಹೇಳಿದಳು. ಸಲ್ಬಿಯಾ ಅವಳ ಜೊತೆಯವಳು, ಗುಂಡಿಗೆ ಸಾಯಲಿಲ್ಲ, ಬರೀ ಜ್ವರಕ್ಕೆ ಸತ್ತಳು. ಎರಡು ದಿನ ಅವಳನ್ನು ಬೆನ್ನ ಮೇಲೆ ಹೊತ್ತು ನಡೆದದ್ದು ಮರ್ಧಿಯಾ. ಎರಡನೇ ದಿನ ಮಧ್ಯಾಹ್ನದಿಂದ ಹೊತ್ತದ್ದು ಹೆಣ ಎಂದು ಇಳಿಸಿದ ಮೇಲೆ ತಿಳಿಯಿತು.

"ಅವಳಮ್ಮನಿಗೆ ಹೋಗಿ ಹೇಳ್ಬೇಕು ಅಂತಿದೆ. ಹೇಗೆ ಹೇಳ್ಲಿ? ನಾನು ಪೆನಾಂಗಿನಲ್ಲಿದ್ದವಳು."

ಮುನಾವರ್ ಅವಳ ಖಾಲಿ ತಟ್ಟೆಯನ್ನು ಎತ್ತಿ ಸೈಕಲ್ಲಿನ ಮೇಲೆ ಇಟ್ಟ. ಆಮೇಲೆ, "ನನ್ನನ್ನ ಬಾಂಗ್ ಅಂತ ಕರೀರಿ," ಎಂದ.

ನಮ್ಮಲ್ಲಿ ಅಣ್ಣನಿಗೂ ಅದೇ, ಗಂಡನಿಗೂ ಅದೇ. ಮರ್ಧಿಯಾ ಹುಬ್ಬೇರಿಸಿದಳು. "ಯಾವ ಬಾಂಗ್?"

"ಅದನ್ನ ನೀವೇ ಯೋಚನೆ ಮಾಡಿ," ಎಂದು ಕಾಲುವೆಯ ನೀರನ್ನು ನೋಡುತ್ತ ಕೂತ. ಅವನ ಕಿವಿ ಕೆಂಪಾಗಿತ್ತು. ಇಪ್ಪತ್ತೊಂಬತ್ತು ವಯಸ್ಸಿಗೆ, ಇಷ್ಟೆಲ್ಲ ದಣಿದ ಮೇಲೆ, ಒಬ್ಬ ಗಂಡಸಿನ ಕಿವಿ ನೋಡಿ ಎದೆ ಹೊಡೆದುಕೊಳ್ಳುತ್ತದೆಂದು ಅವಳು ಅಂದುಕೊಂಡಿರಲಿಲ್ಲ.

ಅದೇ ವಾರ ಊರಿನ ಮುಖಂಡ ಮೈಕಿನಲ್ಲಿ ಸಾರಿದ. ಬರುವ ಗುರುವಾರ ಬೆಳಿಗ್ಗೆ ಪ್ರಾರ್ಥನಾ ಚಾವಡಿಯಲ್ಲಿ ಬೆಟ್ಟದಿಂದ ಬಂದವರಿಗೆ ತಂಪೆರೆಯುವುದು. ಹಜ್ ಮುಗಿಸಿ ಬಂದವರಿಗೆ, ಸಾವಿನ ಬಾಯಿಂದ ಪಾರಾದವರಿಗೆ, ಮದುವೆಯಾಗುವವರಿಗೆ ನಮ್ಮಲ್ಲಿ ತಂಪೆರೆಯುತ್ತಾರೆ. ಎಲೆಯ ಕಟ್ಟು ನೀರಲ್ಲಿ ಅದ್ದಿ ಚಿಮುಕಿಸಿ, ಅಕ್ಕಿ ಎರಚಿ, ಹಳದಿ ಅಂಟಕ್ಕಿ ಅನ್ನ ಕಿವಿಯ ಹಿಂದೆ ಅಂಟಿಸಿದರೆ ಮೈಯೊಳಗಿನ ಕಾವು ಇಳಿಯುತ್ತದೆ. ಅಲ್ಲಿಯವರೆಗೆ ಮನೆಗೆ ಬಂದಿದ್ದರೂ ಬಂದ ಹಾಗಲ್ಲ. ಮೈಕಿನಲ್ಲಿ ನಾಲ್ಕು ಹೆಸರು ಓದಿದರು. ನಾಲ್ಕನೆಯದು ಮುನಾವರ್.

ಅಂಟಕ್ಕಿ ಬೇಯಿಸುವ ಕೆಲಸ ರಮ್ಲಾಳಿಗೆ ಬಂತು. ಅಂದರೆ ಮರ್ಧಿಯಾಗೆ.

"ನನಗೆ ಯಾವಾಗಮ್ಮಾ ತಂಪೆರೆಯೋದು?" ಅರಿಶಿನ ಕಲಸುತ್ತ ಅವಳು ಕೇಳಿದಳು.

"ನಿನ್ನ ಮದುವೇಲಿ," ಎಂದಳು ರಮ್ಲಾ. "ಹಮ್ಜಾನ ಮಗ ನಿನ್ನ ಹಿಂದೆ ಸೈಕಲ್ ತಳ್ತಾನಂತೆ. ಊರೆಲ್ಲ ಹೇಳ್ತಿದೆ. ಬೆಟ್ಟದ ಹುಲಿ, ಪೆನಾಂಗಿನ ಹುಡುಗಿ. ಒಳ್ಳೇ ಜೋಡಿ. ಈಗ ಬಾಯಿ ಬಿಟ್ಟು ಎಲ್ಲ ಹಾಳು ಮಾಡ್ಬೇಡ."

ಬುಧವಾರ ಏರಿಯ ಮೇಲೆ ಮುನಾವರ್ ನೇರವಾಗಿ ಕೇಳಿಯೇಬಿಟ್ಟ. "ನಾಳೆ ಇದೊಂದು ಮುಗೀಲಿ. ನಾಡಿದ್ದು ಹಿರಿಯರನ್ನ ನಿಮ್ಮನೆಗೆ ಕಳಿಸ್ತೀನಿ. ಆಗಬಹುದಾ?"

ಹೂಂ ಎನ್ನುವುದು ನಾಲಿಗೆಯ ತುದಿಯವರೆಗೆ ಬಂದಿತ್ತು. ಆದರೆ ಅದರ ಹಿಂದೆಯೇ ಇನ್ನೊಂದು ಬಂತು.

"ನಾಳೆ ನೀವು ಹೋಗಿ ಕೂರ್ತೀರಾ?"

"ಕೂರದೆ ಏನು ಮಾಡ್ಲಿ? ಅಪ್ಪ ಹೊಸ ಟೋಪಿ ತಂದಿದ್ದಾರೆ."

"ನಾನು ಬೇಯಿಸಿದ ಅನ್ನ ನಿಮ್ಮ ಕಿವಿಗೆ. ನಾನು ಹೆಂಗಸರ ಸಾಲಲ್ಲಿ ಕೂತು ನೋಡ್ತೀನಿ."

"ಮರ್ಧಿಯಾ, ಒಬ್ಬರ ನಿಜ ಇನ್ನೊಬ್ಬರಿಗೆ ಗೊತ್ತಿದೆ. ಊರಿಗೆ ಗೊತ್ತಾಗದಿದ್ರೆ ಏನು ನಷ್ಟ?"

"ಮಕ್ಕಳಾಗ್ತವೆ," ಎಂದಳು ಅವಳು. ಅಷ್ಟು ಬಿಡಿಸಿ ಹೇಳಿದ್ದಕ್ಕೆ ನಾಚಿಕೆಯಾಗಬೇಕಿತ್ತು, ಆಗಲಿಲ್ಲ. "ಅವು ಕೇಳ್ತವೆ. ನನ್ನ ಕಥೆ ನೀವು ಹೇಳ್ತೀರಾ? ನಿಮ್ಮ ಕಥೆ ನಾನು ಹೇಳ್ಲಾ? ಸಲ್ಬಿಯಾನ ಹೊತ್ತಿದ್ದು ನೀವು ಅಂತ ಹೇಳ್ತೀರಾ? ಸಾಯೋವರೆಗೂ ಈ ಪಾಠ ಒಪ್ಪಿಸೋಕೆ ನನ್ನಿಂದಾಗಲ್ಲ. ನನಗೆ ಸುಸ್ತಾಗಿದೆ ಬಾಂಗ್. ಬೆಟ್ಟದಲ್ಲಿ ಆದ ಸುಸ್ತಲ್ಲ. ಅದಾದ್ರೆ ಮಲಗಿದ್ರೆ ಹೋಗ್ತಿತ್ತು."

ಬಾಂಗ್ ಎಂದದ್ದು ಅವನಿಗೆ ಕೇಳಿಸಿತು. ಆದರೆ ಖುಷಿಪಡುವ ಹಾಗಿರಲಿಲ್ಲ.

"ಅಪ್ಪನ ಕಾಲು, ಮರ್ಧಿಯಾ," ಎಂದ ಅವನು, ದನಿ ಕುಸಿದಿತ್ತು. "ಆ ಕಾಲಿಗೆ ನಾನೇನು ಅರ್ಥ ಕೊಡ್ಲಿ?"

ಅವಳು ಎದ್ದಳು. ತಟ್ಟೆ ಎತ್ತಿಕೊಂಡಳು. "ಹಾಗಾದ್ರೆ ಹಿರಿಯರನ್ನ ಕಳಿಸ್ಬೇಡಿ. ನಿಮ್ಮ ಮೇಲೆ ಕೋಪ ಇಲ್ಲ. ನಾಳೆ ಕೂತ್ಕೊಳ್ಳಿ," ಎಂದಳು. ಮನೆಗೆ ಬರುವವರೆಗೂ ಹಿಂತಿರುಗಿ ನೋಡಲಿಲ್ಲ. ನೋಡಿದ್ದರೆ ಅಲ್ಲೇ ಕೂತು ಅಳುತ್ತಿದ್ದಳು.

ಗುರುವಾರ ಚಾವಡಿ ತುಂಬಿತ್ತು. ನಾಲ್ಕು ಚಾಪೆ, ನಾಲ್ಕು ದಿಂಬು, ನಾಲ್ಕು ಜನ ಗಂಡಸರು. ಮುಂದಿನ ಸಾಲಲ್ಲಿ ಅಬು ಹಮ್ಜಾ ಕಾಲು ಚಾಚಿಕೊಂಡು, ಕೋಲನ್ನು ತೊಡೆಯ ಮೇಲೆ ಇಟ್ಟುಕೊಂಡು, ಮದುಮಗನ ಅಪ್ಪನ ಗತ್ತಿನಲ್ಲಿ ಕೂತಿದ್ದ. ಪಕ್ಕದ ಹೆಂಗಸರ ಸಾಲಲ್ಲಿ ಅಂಟಕ್ಕಿಯ ಹರಿವಾಣದ ಹಿಂದೆ ಮರ್ಧಿಯಾ, ಅವಳಿಗೆ ಒತ್ತಿಕೊಂಡು ರಮ್ಲಾ.

ಇಮಾಮರು ಒಬ್ಬೊಬ್ಬರಿಗೇ ನೀರು ಚಿಮುಕಿಸುತ್ತ ಬಂದರು. ಮೊದಲನೆಯವನು ಮಗುವಿನ ಹಾಗೆ ಅತ್ತ. ಮರ್ಧಿಯಾಗೆ ಹೊಟ್ಟೆಕಿಚ್ಚಾಯಿತು. ಹೌದು, ಹೊಟ್ಟೆಕಿಚ್ಚೇ. ಅವಳ ಮೈ ಕುದಿಯುತ್ತಿತ್ತು.

ನಾಲ್ಕನೇ ಚಾಪೆಯ ಮುಂದೆ ಎಲೆಯ ಕಟ್ಟು ಎತ್ತಿದಾಗ ಮುನಾವರ್ ಕೈ ಅಡ್ಡ ಹಿಡಿದ.

"ನನಗೆ ಬೇಡ, ಇಮಾಮರೇ."

"ಯಾಕಪ್ಪಾ?"

"ನಾನು ಬೆಟ್ಟಕ್ಕೆ ಹೋಗಿಲ್ಲ. ಹೆದರಿಕೊಂಡು ಪೆನಾಂಗಿಗೆ ಓಡಿಹೋದೆ. ಆರು ವರ್ಷ ಸಿಮೆಂಟು ಹೊತ್ತೆ. ಇಷ್ಟು ದಿನ ನಿಮಗೆಲ್ಲ ರೀಲು ಬಿಟ್ಟೆ." ಮುಂದಿನ ಸಾಲಿನ ಕಡೆ ತಿರುಗಿದ. "ಅಪ್ಪಾ, ನನ್ನನ್ನ ಕ್ಷಮಿಸು."

ಯಾರೋ ಥೂ ಅಂದರು. ಇನ್ಯಾರೋ ನಕ್ಕರು. ಅಬು ಹಮ್ಜಾ ಕೋಲೂರಿ ಎದ್ದ, ಯಾರ ಮುಖವನ್ನೂ ನೋಡದೆ ಕಾಲೆಳೆಯುತ್ತ ಹೊರಗೆ ಹೋದ. ಆ ಕಾಲಿನ ಸದ್ದು ಮೆಟ್ಟಿಲವರೆಗೂ ಕೇಳಿಸಿತು.

"ನಮ್ಮೂರಿಂದ ನಾಲ್ಕು ಜನ ಅಂತ ಬೆಟ್ಟದವರೇ ಹೇಳಿದ್ದಲ್ವಾ?" ಎಂದ ಮುಖಂಡ.

"ನಾಲ್ಕು ಜನ ಹೋಗಿದ್ದು ನಿಜ," ಎಂದ ಮುನಾವರ್. "ನಾಲ್ಕನೆಯವರು ನಾನಲ್ಲ, ಅಷ್ಟೇ."

"ಮತ್ತೆ ಯಾರು?"

"ಅದು ಹೇಳೋಕೆ ನಾನ್ಯಾರು?" ಎಂದು ಅವನು ಚಾಪೆ ಬಿಟ್ಟು ಎದ್ದು ಹೋಗಿ ಗೋಡೆಗೆ ಒರಗಿ ನಿಂತ. ಹೆಂಗಸರ ಸಾಲಿನ ಕಡೆ ಅವನು ಒಂದು ಸಲವೂ ನೋಡಲಿಲ್ಲ. ನೋಡಿದ್ದರೆ ಊರೆಲ್ಲ ಆ ಕಡೆ ನೋಡುತ್ತಿತ್ತು. ನೋಡದೆ ನಿಲ್ಲಲು ಅವನಿಗೆ ಎಷ್ಟು ಕಷ್ಟವಾಗುತ್ತಿದೆಯೆಂದು ಕೆಳಗೆ ಬಾಗಿದ ಆ ಕುತ್ತಿಗೆಯಲ್ಲೇ ಮರ್ಧಿಯಾಗೆ ಕಂಡಿತು. ಅಯ್ಯೋ ಮಾರಾಯ, ಎಂದುಕೊಂಡಳು.

ರಮ್ಲಾ ಅವಳ ಮಣಿಕಟ್ಟನ್ನು ಹಿಡಿದಳು, ಉಗುರು ಊರುವಷ್ಟು. "ಬೇಡ್ವೇ," ಎಂದು ಪಿಸುಗುಟ್ಟಿದಳು.

"ಸಾಕಮ್ಮಾ," ಎಂದಳು ಮರ್ಧಿಯಾ. "ಇನ್ನು ಆಗಲ್ಲ ನನಗೆ."

ಎದ್ದು ನಿಂತಳು. "ನಾನು, ಇಮಾಮರೇ. ಐದು ವರ್ಷ. ಪೂರ್ವದ ಬೆಟ್ಟದಲ್ಲಿ." ಅಷ್ಟೇ ಹೇಳಿ ಹೋಗಿ ಖಾಲಿ ಚಾಪೆಯ ಮೇಲೆ ಕೂತಳು. ಹೊರಗೆ ಕೋಳಿ ಕೆದರುವ ಸದ್ದು ಕೇಳಿಸಿತು.

ಇಮಾಮರು ಕೈಯಲ್ಲಿದ್ದ ಎಲೆಯ ಕಟ್ಟನ್ನು ನೋಡಿದರು. "ಹೆಣ್ಣುಮಗಳಿಗೆ ಹೆಣ್ಣುಮಗಳೇ ಎರೆಯಬೇಕು. ಯಾರಾದರೂ ಬರ್ತೀರಾ?"

ಯಾರೂ ಏಳಲಿಲ್ಲ. ಮುದುಕಿಯರು ಒಬ್ಬರ ಮುಖ ಒಬ್ಬರು ನೋಡಿದರು. ಮರ್ಧಿಯಾ ಚಾಪೆಯ ಹೆಣಿಗೆಯನ್ನು ನೋಡುತ್ತ ಕೂತಳು.

ಕಡೆಗೆ ಬಳೆಯ ಸದ್ದಾಯಿತು. ರಮ್ಲಾ ಬಂದು ಇಮಾಮರ ಮುಂದೆ ನಿಂತಿದ್ದಳು.

"ಊರಿಗೆಲ್ಲ ಸುಳ್ಳು ಹೇಳಿದವಳು ನಾನು. ನನ್ನ ಕೈಯಿಂದ ಎರೆದರೆ ನಡೆಯುತ್ತಾ?"

"ನಡೆಯುತ್ತಮ್ಮಾ," ಎಂದರು ಇಮಾಮರು.

ರಮ್ಲಾ ಎಲೆಯ ಕಟ್ಟನ್ನು ನೀರಲ್ಲಿ ಅದ್ದಿ ಎತ್ತಿದಳು. ಚಿಮುಕಿಸಬೇಕಾದ ನೀರು ಸುರಿದೇಹೋಯಿತು, ಮರ್ಧಿಯಾಳ ತಲೆವಸ್ತ್ರ, ಭುಜ, ಮಡಿಲು ಎಲ್ಲ ತೊಯ್ದವು. ಅನ್ನ ಅಂಟಿಸಲು ಕಿವಿಯ ಹಿಂದೆ ಬೆರಳಿಟ್ಟವಳು, "ಎಷ್ಟು ಸುಡ್ತಿದೀಯಲ್ಲೇ ನನ್ನ ಕಂದಾ, ಒಂದು ದಿನಾನೂ ಮುಟ್ಟಿ ನೋಡಲಿಲ್ವಲ್ಲೇ ನಾನು," ಎಂದು ಅಲ್ಲೇ ಮಗಳ ಮೇಲೆ ಒರಗಿ ಅತ್ತಳು. ಆಗ ಹೆಂಗಸರ ಸಾಲಿನಿಂದ ಇನ್ನೊಬ್ಬಳು ಎದ್ದು ಬಂದಳು. ಅವಳ ಹಿಂದೆ ಮತ್ತೊಬ್ಬಳು. ಎಲ್ಲರೂ ಬರಲಿಲ್ಲ. ಬಂದವರು ಸಾಕಾಗಿತ್ತು.

ಹೊರಗೆ ಮೆಟ್ಟಿಲ ಮೇಲೆ ಅಬು ಹಮ್ಜಾ ಕೂತಿದ್ದ. ಮುನಾವರ್ ಅವನಿಂದ ನಾಲ್ಕು ಮಾರು ದೂರದಲ್ಲಿ, ಹತ್ತಿರ ಹೋಗಲೂ ಆಗದೆ ಬಿಟ್ಟು ಹೋಗಲೂ ಆಗದೆ ನಿಂತಿದ್ದ. ಮರ್ಧಿಯಾ ಒದ್ದೆ ಬಟ್ಟೆಯಲ್ಲೇ ಇಳಿದು ಬಂದು ಮುದುಕನ ಕೆಳಗಿನ ಮೆಟ್ಟಿಲಲ್ಲಿ ಕೂತಳು.

"ಅಬು," ಎಂದಳು, ಊರಿನ ಹಿರಿಯರನ್ನು ಅಪ್ಪ ಎಂದು ಕರೆಯುವ ಹಾಗೆ. "ಅವರು ಹೇಡಿ ಅಲ್ಲ. ಹೇಡಿ ಆಗಿದ್ರೆ ಇವತ್ತು ಚಾಪೆ ಮೇಲೆ ಸುಮ್ನೆ ಕೂತಿರ್ತಿದ್ರು."

"ನೀನು ಅವನ ಪರ ವಕಾಲತ್ತು ಮಾಡೋಕೆ ಬಂದ್ಯಾ?"

"ಹೌದು."

ಮುದುಕ ಮಗನ ಕಡೆ ಕೋಲು ತೋರಿಸಿದ. "ಇವಳನ್ನ ಕೇಳಿದ್ಯಾ?"

"ಕೇಳಿದೆ ಅಪ್ಪಾ. ಬೇಡ ಅಂದ್ರು."

"ನಿನ್ನ ಮಾತು ನಂಬೋ ಕಾಲ ಮುಗೀತು. ನೀನು ಸುಮ್ನಿರು." ಮರ್ಧಿಯಾಳ ಕಡೆ ತಿರುಗಿದ. "ನೀನು ಹೇಳಮ್ಮಾ."

"ನಿನ್ನೆ ಬೇಡ ಅಂದಿದ್ದೆ ಅಬು. ಇವತ್ತು ಯಾರೂ ಕೇಳಿಲ್ಲ."

ಅಬು ಹಮ್ಜಾ ಚಾಚಿದ ಕಾಲನ್ನು ಎರಡೂ ಕೈಯಿಂದ ಎತ್ತಿ ಪಕ್ಕಕ್ಕೆ ಇಟ್ಟುಕೊಂಡು, ಅವಳಿಗೆ ಇನ್ನಷ್ಟು ಹತ್ತಿರ ಜಾಗ ಮಾಡಿದ. ಬಹಳ ಹೊತ್ತು ಆ ಮೊಣಕಾಲನ್ನು ನೀವುತ್ತ ಕೂತ.

"ಬೆಟ್ಟದಲ್ಲಿರೋ ಮಗನಿಗೋಸ್ಕರ ಏಟು ತಿಂದೆ ಅಂತ ಇಷ್ಟು ವರ್ಷ ಅಂದ್ಕೊಂಡಿದ್ದೆ," ಎಂದ. "ಹೋಗ್ಲಿ ಬಿಡು. ಬೆಟ್ಟದಲ್ಲಿರೋ ಸೊಸೆಗೋಸ್ಕರ ತಿಂದೆ ಅಂತ ಇನ್ನು ಮೇಲೆ ಹೇಳ್ತೀನಿ."